ಗೆಜ್ಜೆ ಕಟ್ಟದ ಅಬ್ಬಕ್ಕ: ನನ್ನ ಅನುಭವ

ಯಕ್ಷಗಾನದಲ್ಲಿ, ಪೋರ್ಚುಗೀಸರೊಡನೆ ಕಾದಿದ ಉಳ್ಳಾಲದ ರಾಣಿ ಅಬ್ಬಕ್ಕನಿಗೆ ಕಿರೀಟ ಬೇಡ, ಕತ್ತಿ ಬೇಡ, ಗೆಜ್ಜೆಯೂ ಬೇಡ ಎಂದು ನಾನು ಹೇಳಿದಾಗ ನಮ್ಮ ಮಹಿಳಾ ತಂಡದಲ್ಲೇ ಅರ್ಧದಷ್ಟು ಜನ ಒಪ್ಪಲಿಲ್ಲ. ಯಕ್ಷಗಾನದ ಹಿರಿಯ ಕವಿ ಪಾರ್ತಿಸುಬ್ಬನ ಕುಂಬಳೆ ಸೀಮೆಯಲ್ಲಿ ನಿಂತು ಇಂಥ ಮಾತಾಡಿದರೆ ಒಪ್ಪುವವರು ಯಾರು? "ಗೆಜ್ಜೆ ಕಟ್ಟದೆ ರಂಗಕ್ಕೆ ಬರುವುದುಂಟಾ ಅಕ್ಕಾ?" ಎಂದು ಚೆಂಡೆಯವರು ಕೇಳಿದರು. ಹಿರಿಯ ವೇಷಧಾರಿಯೊಬ್ಬರು, "ನೀನು ಅದನ್ನು ನಾಟಕ ಅಂತ ಕರೆ, ಆಟ ಅನ್ನಬೇಡ" ಎಂದರು. ನಮ್ಮಲ್ಲಿ ಆಟ ಎಂದರೆ ಯಕ್ಷಗಾನ. ಈಗ ಅದೇ ಅಬ್ಬಕ್ಕನನ್ನು ಬದಿಯಡ್ಕ, ಪೆರ್ಲ, ಮಂಜೇಶ್ವರದ ಕಡೆಯವರು ಕೇಳಿ ಕೇಳಿ ಕರೆಸುತ್ತಿದ್ದಾರೆ. ಹೇಗಾಯಿತು ಎಂದು ಹವ್ಯಾಸಿ ತಂಡದವರು ಫೋನಿನಲ್ಲಿ ವಿಚಾರಿಸುತ್ತಲೇ ಇರುವುದರಿಂದ ಒಮ್ಮೆ ಬರೆದೇ ಬಿಡುತ್ತೇನೆ.

ಮೊದಲ ಸಲ ನಾವು ಆಡಿದ್ದು ಸಿನಿಮಾದ ರಾಣಿಯನ್ನು. ಆಟ ಕರೆಸಿದ ಸಮಿತಿಯವರಿಗೆ ಕುದುರೆ ಬೇಕೇ ಬೇಕಿತ್ತು. ಬಿದಿರಿನ ಚೌಕಟ್ಟಿಗೆ ಬಟ್ಟೆ ಹೊಲಿಸಿ ಕುದುರೆ ಮಾಡಿಸಿದೆವು. ಅದಕ್ಕೇ 7-8 ಸಾವಿರ ಹೋಯಿತು. ಮಿಂಚುವ ಎದೆಗವಚ, ಎರಡೂ ಕೈಯಲ್ಲಿ ಕತ್ತಿ, ರಾಳದ ಬೆಂಕಿ. ಕುದುರೆ ಕಟ್ಟಿಕೊಂಡು ದಿಗಿಣ (ಹಾರಿ ತಿರುಗುವ ಕುಣಿತ) ಹೊಡೆಯಲು ಸಾಧ್ಯವೇ ಇಲ್ಲ, ಯುದ್ಧದ ಪದ್ಯಕ್ಕೆ ಸುಮ್ಮನೆ ಸುತ್ತು ಬಂದದ್ದಷ್ಟೇ. ಶಿಳ್ಳೆ ಬಿತ್ತು, ನಿಜ. ಆದರೆ ಮರುದಿನ ಅಂಗಡಿ ಬಾಗಿಲಲ್ಲಿ ಮಾತಾಡಿದವರೆಲ್ಲ ಕುದುರೆಯನ್ನು ನೆನೆದರೇ ಹೊರತು ಅಬ್ಬಕ್ಕ ಏನು ಹೇಳಿದಳು ಎಂದು ಒಬ್ಬರಿಗೂ ನೆನಪಿರಲಿಲ್ಲ. ಹಿಮ್ಮೇಳದ ಸಂಭಾವನೆ, ವೇಷಭೂಷಣ, ಧ್ವನಿ-ಬೆಳಕು ಎಲ್ಲ ಸೇರಿ ಖರ್ಚು 70 ಸಾವಿರದ ಹತ್ತಿರ. ಕೈಗೆ ಬಂದದ್ದು 30. ಉಳಿದದ್ದನ್ನು ಕುಟುಂಬಶ್ರೀ (ಕೇರಳದ ಮಹಿಳಾ ಸ್ವಸಹಾಯ ಗುಂಪು) ಸಾಲದಲ್ಲಿ ತುಂಬಿಸಿ ವರ್ಷವಿಡೀ ಕಂತು ಕಟ್ಟಿದೆವು.

ಎರಡನೆಯ ಸಲ ಕಸೆ ಸ್ತ್ರೀವೇಷ, ಅಂದರೆ ಕಚ್ಚೆ ಹಾಕಿ ಉಡುವ ವೀರ ಹೆಣ್ಣಿನ ವೇಷ. ಪ್ರಸಂಗಗಳಲ್ಲಿ ಪ್ರಮೀಳೆಗೆ, ಶಶಿಪ್ರಭೆಗೆ ಇರುವ ಅದೇ ಕ್ರಮ. ಬಲ್ಲವರು ತಲೆದೂಗಿದರು, ನನ್ನ ಪ್ರವೇಶಕ್ಕೆ ಚಪ್ಪಾಳೆಯೂ ಸಿಕ್ಕಿತು. ಆದರೆ ಸಭೆಯ ಕಣ್ಣು ಅರ್ಜುನನನ್ನು ಹುಡುಕುತ್ತಿತ್ತು. ನಮ್ಮ ಪ್ರಸಂಗಗಳಲ್ಲಿ ಬಲಶಾಲಿ ಹೆಣ್ಣಿಗೆ ಕಟ್ಟಿಟ್ಟ ಕೊನೆ ಒಂದೇ. ಪ್ರಮೀಳೆ ಅರ್ಜುನನ ಕೈ ಹಿಡಿಯುತ್ತಾಳೆ. ಶಶಿಪ್ರಭೆಯದ್ದೂ ಪರಿಣಯವೇ. ದಿಗ್ವಿಜಯಕ್ಕೆ ಹೊರಟ ಮೀನಾಕ್ಷಿ ಶಿವನನ್ನು ಕಂಡ ಕ್ಷಣಕ್ಕೆ ಮೂರನೆಯ ಮೊಲೆ ಮಾಯವಾಗಿ ನಾಚುತ್ತಾಳೆ. ಮದುವೆಗೆ ಒಪ್ಪದವಳಿಗೆ ಹೆಣ್ಣುಬಣ್ಣ ಬಳಿದು ರಕ್ಕಸಿ ಮಾಡುತ್ತೇವೆ, ಇಲ್ಲವೇ ದೇವಿ ಎಂದು ಕೈಮುಗಿಯುತ್ತೇವೆ. ಅಬ್ಬಕ್ಕ ಇದರಲ್ಲಿ ಯಾವುದಕ್ಕೂ ಸೇರುವವಳಲ್ಲ. ತಾಯಿಯ ಕಡೆಯಿಂದ ಹಕ್ಕು ಇಳಿಯುವ ಅಳಿಯಸಂತಾನದ ಚೌಟರ ಮನೆಯವಳು, ಪಟ್ಟ ಅವಳದ್ದೇ. ಗಂಡ ಬಂಗ ಅರಸನನ್ನು ಬಿಟ್ಟು, ಅವನು ಕೊಟ್ಟ ಒಡವೆಯನ್ನು ಅವನಿಗೇ ಹಿಂದಿರುಗಿಸಿದವಳು. ಕಸೆ ಉಟ್ಟು ಆ ಒಡವೆಯ ಪದ್ಯಕ್ಕೆ ಅರ್ಥ (ಪದ್ಯವನ್ನು ಬಿಡಿಸಿ ಆಡುವ ಮಾತು) ಹೇಳಿದರೆ ಅದು ಮುನಿಸಿಕೊಂಡ ನಾಯಕಿಯ ಮಾತಿನಂತೆ ಕೇಳುತ್ತಿತ್ತು. ವೇಷವೇ ಅರ್ಥವನ್ನು ತಿಂದುಹಾಕುತ್ತಿತ್ತು.

ದಾರಿ ಸಿಕ್ಕಿದ್ದು ಇಟಲಿಯ ಪ್ರವಾಸಿ ಪಿಯೆತ್ರೊ ಡೆಲ್ಲಾ ವಾಲೆಯ ಬರಹದಲ್ಲಿ. ಅಬ್ಬಕ್ಕ ಎಂಬ ಹೆಸರಿನಲ್ಲಿ ಆಳಿದವರು ಒಬ್ಬರಿಗಿಂತ ಹೆಚ್ಚು ಎನ್ನುತ್ತಾರೆ ಚರಿತ್ರೆಕಾರರು. ಇವನು ಕಂಡದ್ದು 1623ರ ರಾಣಿಯನ್ನು. ಅರಮನೆಯಲ್ಲಲ್ಲ, ದಾರಿಯಲ್ಲಿ. ಅವಳು ತೋಡಿನ (ನೀರಿನ ಕಾಲುವೆಯ) ಕೆಲಸ ನೋಡಲು ನಡೆದುಕೊಂಡು ಹೊರಟಿದ್ದಳು. ಬರಿಗಾಲು, ಸೊಂಟಕ್ಕೆ ದಪ್ಪನೆಯ ಬಿಳಿ ಹತ್ತಿಬಟ್ಟೆ, ಹೆಗಲಿಗೊಂದು ವಸ್ತ್ರ. ಕಂಡರೆ ಅಡುಗೆಯವಳ ಹಾಗೆ ಎಂದು ಬರೆದವನು, ಅವಳ ಹಿರಿಮೆ ಕಾಣುವುದು ಮಾತಿನಲ್ಲಿ ಎಂದೂ ಬರೆದ. ಯುರೋಪಿನಲ್ಲಿ ಅಷ್ಟು ದೊಡ್ಡವನಾದ ಸ್ಪೇನಿನ ದೊರೆಯ ದಂಡನ್ನು ಇಲ್ಲಿ ಓಡಿಸುತ್ತಿರುವವಳು ಇವಳೇ ಎಂದು ಬೆರಗಾದ. ಆಗ ಪೋರ್ಚುಗಲ್ ಇದ್ದದ್ದು ಸ್ಪೇನಿನ ದೊರೆಯ ಕೆಳಗೆ. ತಲಪಾಡಿ ದಾಟಿದರೆ ಉಳ್ಳಾಲ. ಇಷ್ಟು ಹತ್ತಿರದ ಹೆಂಗಸನ್ನು ನಾವು ಕುದುರೆ ಹತ್ತಿಸಿ ದೂರ ಮಾಡಿದ್ದೆವು.

ನಡುವೆ ಒಂದು ಬೇರೆ ಪ್ರಯೋಗ. ಕುಳಿತು ಮಾತಿನಲ್ಲೇ ಪ್ರಸಂಗ ನಡೆಸುವ ತಾಳಮದ್ದಳೆಯಲ್ಲಿ ವೇಷವೇ ಇಲ್ಲವಲ್ಲ, ಅಲ್ಲಿ ಕೆಳದಿ ಚೆನ್ನಮ್ಮನನ್ನು ಕೂರಿಸಿ ನೋಡಿದೆ. ಶಿವಪ್ಪ ನಾಯಕನ ಬೇಕಲ ಕೋಟೆ ನೋಡಿ ಬೆಳೆದ ನಮ್ಮವರಿಗೆ ಕೆಳದಿ ಪರವೂರಲ್ಲ. ಶಿವಾಜಿಯ ಮಗ ರಾಜಾರಾಮನಿಗೆ ಆಶ್ರಯ ಕೊಟ್ಟರೆ ಔರಂಗಜೇಬನ ಸೈನ್ಯ ಬರುತ್ತದೆ ಎಂದು ಮಂತ್ರಿ ವಾದಿಸುತ್ತಾನೆ, ಚೆನ್ನಮ್ಮ ಖಜಾನೆ, ಘಟ್ಟದ ದಾರಿ, ಮಳೆಯ ಲೆಕ್ಕ ಹಾಕುತ್ತಾ ಉತ್ತರ ಕೊಡುತ್ತಾಳೆ. ನಾನು ಒಮ್ಮೆಯೂ ಸ್ವರ ಏರಿಸಲಿಲ್ಲ. ಮುಕ್ಕಾಲು ಗಂಟೆ ಯಾರೂ ಏಳಲಿಲ್ಲ. ಶಾಲೆಯೊಂದರಲ್ಲಿ ಮಕ್ಕಳಿಗೆ ಓಬವ್ವನನ್ನು ಮಾಡಲು ಹೇಳಿದರೆ ಎಲ್ಲರೂ 1972ರ 'ನಾಗರಹಾವು' ಚಿತ್ರದ ಜಯಂತಿಯವರ ಹಾಗೆ ಒನಕೆ ಎತ್ತಿ ನಿಂತರು. ಒಬ್ಬಳು ಮಾತ್ರ ನೀರಿಗೆ ಹೊರಟವಳು ಕಿಂಡಿಯ ಸದ್ದು ಕೇಳಿ ಕೊಡ ಕೆಳಗಿಡುವುದನ್ನು ಮಾಡಿದಳು. ಆ ಹುಡುಗಿ ಈಗ ನಮ್ಮ ತಂಡದಲ್ಲಿದ್ದಾಳೆ.

ಸಾದಾ ಬಟ್ಟೆಯ ಅಬ್ಬಕ್ಕ ಮೊದಲ ಸಲ ರಂಗಕ್ಕೆ ಬಂದಾಗ ಜನ ಎದ್ದು ಚರುಂಬುರಿ ತಿನ್ನಲು ಹೋದರು. ಗೆಜ್ಜೆಯಿಲ್ಲ, ಚೆಂಡೆಯಿಲ್ಲ, ವೇಷ ಬಂದದ್ದೇ ಯಾರಿಗೂ ತಿಳಿಯಲಿಲ್ಲ. ಪ್ರಾಯೋಜಕರೊಬ್ಬರು ಮುಂದಿನ ಆಟಕ್ಕೆ ಒಪ್ಪಿದ್ದ 10 ಸಾವಿರವನ್ನು ಹಿಂದೆ ತೆಗೆದರು. ಆಗ ಹೊಳೆದದ್ದು ಮಹಿಷಾಸುರ. ದೇವಿಮಹಾತ್ಮೆ ಪ್ರಸಂಗದಲ್ಲಿ ಅವನು ದೊಂದಿ (ಪಂಜು) ಹಿಡಿಸಿಕೊಂಡು ಸಭೆಯ ನಡುವಿನಿಂದ ಬರುತ್ತಾನಲ್ಲ, ಅದೇ ದಾರಿಯಲ್ಲಿ ಅಬ್ಬಕ್ಕನನ್ನು ತಂದೆ, ದೊಂದಿ ಇಲ್ಲದೆ. ಅದಕ್ಕೆ ಮೊದಲು ಪರಂಗಿಯವರು (ಪೋರ್ಚುಗೀಸರು) ಊರು ಸುಡುವ ಭಾಗ. ಚೆಂಡೆ ಕಿವಿ ತುಂಬಿ ಫಕ್ಕನೆ ನಿಲ್ಲುತ್ತದೆ. ಮದ್ದಳೆಯ ಮೆಲ್ಲನೆಯ ನುಡಿಗೆ ನಾನು ಜನರ ಮಧ್ಯೆ ನಡೆಯುತ್ತೇನೆ, ಹಿಂದೆ ಓಲೆಕೊಡೆಯವಳು. ಪಕ್ಕದಲ್ಲಿ ಕುಳಿತವರಿಗೆ ನಾನು ಯಾರದೋ ಮನೆಯ ಹೆಂಗಸು. ರಂಗ ಹತ್ತಿ ತೋಡಿನ ಕಟ್ಟದ (ಮಣ್ಣಿನ ಒಡ್ಡಿನ) ಬುಡಕ್ಕೆ ಹಿಮ್ಮಡಿ ಒತ್ತಿ, ನೀರು ಒಸರುತ್ತದೋ ಎಂದು ನೋಡುತ್ತೇನೆ. ನಮ್ಮ ಸಭೆಯೆಲ್ಲ ಅಡಿಕೆ ತೋಟದವರು, ಪ್ರತಿವರ್ಷ ತೋಡಿಗೆ ಕಟ್ಟ ಹಾಕುವವರು. ಆ ಹಿಮ್ಮಡಿಯನ್ನು ಅವರಿಗೆ ಯಾರೂ ವಿವರಿಸಬೇಕಿಲ್ಲ. ಕಪ್ಪ ಕೇಳಲು ಬಂದ ಪರಂಗಿ ದೂತ ನನ್ನನ್ನೇ, "ರಾಣಿ ಎಲ್ಲಿ?" ಎಂದು ಗದರುತ್ತಾನೆ. ನಾನು ತಿರುಗುವುದಿಲ್ಲ. ಕೆಲಸದವನಿಗೆ ಮಣ್ಣು ಎಲ್ಲಿ ತುಂಬಬೇಕೆಂದು ಹೇಳಿ ಮುಗಿಸಿ ಆಮೇಲೆ ಮಾತಾಡುತ್ತೇನೆ. ಆ ಮೊದಲ ಮಾತು ಯಾವುದು, ಯಾವ ಶ್ರುತಿಯಲ್ಲಿ ಎಂಬುದನ್ನು ಇಲ್ಲಿ ಬರೆಯುವುದಿಲ್ಲ. ಆಟಕ್ಕೆ ಬಂದು ಕೇಳಿ. ದೀಪದ ಕೆಳಗೆ ಹತ್ತಿಬಟ್ಟೆ ಬಡತನದಂತೆ ಕಾಣದ ಹಾಗೆ ಅದನ್ನು ಹದ ಮಾಡುವ ಕ್ರಮವೂ ನನ್ನಲ್ಲೇ ಇರಲಿ.

ಅವಳ ಬಟ್ಟೆಗೆ 600-700 ರೂಪಾಯಿ, ಕೊಡೆಗೆ 400. ಇಡೀ ಆಟ ಈಗ 45 ಸಾವಿರದೊಳಗೆ ಮುಗಿಯುತ್ತದೆ, ಸಾಲ ತೀರಿದೆ. "ಆಟ ಅನ್ನಬೇಡ" ಎಂದಿದ್ದ ಹಿರಿಯರು ಈಗ ನಮ್ಮಲ್ಲಿ ಬಂಗ ಅರಸನ ಪಾತ್ರ ಮಾಡುತ್ತಾರೆ. ಒಡವೆ ಹಿಂದೆ ಬಂದಾಗ ಅವರು ಕುಳಿತಲ್ಲೇ ಕೊಡುವ ಅಭಿನಯ ನೋಡಲೆಂದೇ ಜನ ಬರುತ್ತಾರೆ.

ಆಟದ ಕಾಲ ಮುಗಿಯುವ ಪತ್ತನಾಜೆಯೊಳಗೆ ಆಟ ಬೇಕೆನ್ನುವವರು ಈಗಲೇ ತಿಳಿಸಿ. ಸಭೆಯ ನಡುವೆ ನಾಲ್ಕಡಿ ದಾರಿ ಬಿಡಬೇಕು, ಅಲ್ಲಿ ಕುರ್ಚಿ ಹಾಕಬಾರದು. ನನ್ನ ಪ್ರವೇಶಕ್ಕೆ ಪಟಾಕಿ ಬೇಡ.