ಗಲಾಟೆ ಎಬ್ಬಿಸಿದ ‘ಎ’ ಸರ್ಟಿಫಿಕೇಟ್ ಸಿನಿಮಾದ ಎರಡನೇ ಭಾಗ ನೋಡೋದು ಹೇಗೆ?

ಎರಡನೇ ಭಾಗದಿಂದ ಶುರು ಮಾಡಬೇಡಿ. ಕೋಲಾರದಲ್ಲಿ ನಾವು ನಾಲ್ಕು ಜನ ತಿಂಗಳಿಗೊಮ್ಮೆ ಯಾರದಾದರೂ ಮನೆಯಲ್ಲಿ ಹಳೇ ಸಿನಿಮಾ ಹಾಕಿಕೊಂಡು ಕೂರುತ್ತೇವೆ, ಆಮೇಲೆ ಕ್ಲಾಕ್ ಟವರ್ ಹತ್ತಿರ ಟೀ ಕುಡಿಯುತ್ತಾ ಜಗಳ. ಒಂದು ಸಲ ಆತುರಪಟ್ಟು ನೇರವಾಗಿ ಭಾಗ ಎರಡಕ್ಕೇ ಹಾರಿದೆವು. ತಲೆಬುಡ ಗೊತ್ತಾಗಲಿಲ್ಲ.

ಮೊದಲ ಭಾಗ ಹಾಕುವಾಗ ಎಷ್ಟು ನಿಮಿಷದ್ದು ಅಂತ ನೋಡಿಕೊಳ್ಳಿ. ‘ಎ’ ಸಿನಿಮಾನ ಟಿವಿಯಲ್ಲಿ ಹಾಗೇ ತೋರಿಸುವ ಹಾಗಿಲ್ಲ, ಕತ್ತರಿ ಹಾಕಿ ಬೇರೆ ಸರ್ಟಿಫಿಕೇಟ್ ತೆಗೆದುಕೊಂಡೇ ಬಿಡಬೇಕು. ಆ ಕಾಪಿ ನೋಡಿ ‘ಇದಕ್ಯಾಕೆ ಅಷ್ಟು ಗಲಾಟೆ’ ಅಂತ ಕೇಳಿದರೆ ಏನು ಹೇಳೋದು?

ಆಮೇಲೆ ಒಂದೇ ಪ್ರಶ್ನೆ ಇಟ್ಟುಕೊಂಡು ಎರಡನೆಯದನ್ನು ನೋಡಿ: ಹಳೇ ಗಲಾಟೆಯನ್ನೇ ಮತ್ತೆ ಮಾರುತ್ತಿದೆಯಾ, ಇಲ್ಲ ಹೊಸದೇನಾದರೂ ಹೇಳುತ್ತಿದೆಯಾ? ನಮಗೆ ಹತ್ತಿರದ್ದು 2012ರ ‘ದಂಡುಪಾಳ್ಯ’. ಕೊಲೆ, ದರೋಡೆ ಮಾಡುತ್ತಿದ್ದ ನಿಜವಾದ ಗ್ಯಾಂಗಿನ ಕಥೆ ಅದು. ದಂಡುಪಾಳ್ಯ ಇರೋದು ಹೊಸಕೋಟೆ ಹತ್ತಿರ, ಹೊಸಕೋಟೆ ಅಂದರೆ ನಮ್ಮ ಬೆಂಗಳೂರು ಬಸ್ಸಿನ ದಾರಿ ತಾನೇ. ಆಗ ಜನ ಜಾಸ್ತಿ ಮಾತಾಡಿದ್ದು ಪೂಜಾ ಗಾಂಧಿ ಬೆನ್ನು ಕಾಣಿಸಿದ ದೃಶ್ಯದ ಬಗ್ಗೆ, ಕತ್ತು ಕೊಯ್ಯುವುದರ ಬಗ್ಗೆ ಅಲ್ಲ! 2017ರಲ್ಲಿ ಬರೀ ‘2’ ಅನ್ನೋ ಹೆಸರಲ್ಲಿ ಬಂದ ಮುಂದಿನ ಭಾಗ ಪೊಲೀಸರ ಹೊಡೆತದ ಕಡೆ ತಿರುಗಿತು. ಮೊದಲನೆಯದರಲ್ಲಿ ರಾಕ್ಷಸರಂತೆ ಕಂಡವರು ಇಲ್ಲಿ ಲಾಠಿ ಏಟು ತಿನ್ನುತ್ತಾರೆ. ಅದರಲ್ಲೂ ಅತಿ ಇದೆ, ಆದರೂ ಆ ತಿರುವು ನನಗೆ ಹಿಡಿಸಿತು.

ಉಲ್ಟಾ ಉದಾಹರಣೆ ಬೇಕಾ? 1992ರ ಹಾಲಿವುಡ್ ಸಿನಿಮಾ ‘ಬೇಸಿಕ್ ಇನ್‌ಸ್ಟಿಂಕ್ಟ್’. ಸಲಿಂಗಿಗಳನ್ನು ಕೊಲೆಗಾರರ ಹಾಗೆ ತೋರಿಸುತ್ತಾರೆ ಅಂತ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಶೂಟಿಂಗ್ ನಡೆಯುವಾಗಲೇ ಪ್ರತಿಭಟನೆ ಆಗಿತ್ತು. ದುಡ್ಡು ಮಾತ್ರ ಸುರಿಯಿತು. 14 ವರ್ಷ ಬಿಟ್ಟು ಅದೇ ನಾಯಕಿ ಶರಾನ್ ಸ್ಟೋನ್ ಇಟ್ಟುಕೊಂಡು ಲಂಡನ್ನಿನಲ್ಲಿ ಎರಡನೆಯದು ಮಾಡಿದರು, ಮಕಾಡೆ ಮಲಗಿತು.

ಇನ್ನು, ಸಿನಿಮಾದಿಂದ ಏನು ಉಳಿಯಿತು ಅನ್ನೋದನ್ನು ಕಲೆಕ್ಷನ್ನಿನಲ್ಲಿ ಹುಡುಕಬೇಡಿ, ಜನರ ಬಾಯಲ್ಲಿ ಹುಡುಕಿ. 1972ರ ‘ಡೀಪ್ ಥ್ರೋಟ್’ ಅಪ್ಪಟ ನೀಲಿ ಚಿತ್ರ. ಅಮೆರಿಕದ ಅಧ್ಯಕ್ಷ ನಿಕ್ಸನ್ ಕುರ್ಚಿ ಬಿಡುವಂತೆ ಮಾಡಿದ ವಾಟರ್‌ಗೇಟ್ ಹಗರಣದ ಗುಟ್ಟು ಬಿಚ್ಚಿಟ್ಟವನಿಗೆ ಪತ್ರಿಕೆಯವರು ಇಟ್ಟ ಅಡ್ಡಹೆಸರು ಅದೇ. ಆತ ಎಫ್‌ಬಿಐ ಅಧಿಕಾರಿಯಾಗಿದ್ದ ಮಾರ್ಕ್ ಫೆಲ್ಟ್ ಅಂತ ಬಯಲಾಗಿದ್ದು 2005ರಲ್ಲಿ. 1974ರಲ್ಲಿ ಆ ಸಿನಿಮಾದ ಎರಡನೇ ಭಾಗವೂ ಬಂದಿತ್ತು, ಯಾರಿಗೆ ನೆನಪಿದೆ ಹೇಳಿ? ಆದರೆ ಆ ಹೆಸರಿನ ಹಿಂದೆ ಒಬ್ಬ ಹೆಂಗಸಿದ್ದಾಳೆ. ನಾಯಕಿ ಲಿಂಡಾ ಲವ್‌ಲೇಸ್ 1980ರಲ್ಲಿ, ಗಂಡನೇ ಹೊಡೆದು ಬಡಿದು ಮಾಡಿಸಿದ ಅಂತ ಪುಸ್ತಕ ಬರೆದಳು. ನೋಡುವ ಮುಂಚೆಯೇ ಇಂಥದ್ದು ಓದಿಕೊಳ್ಳಿ. ಅದನ್ನು ಓದಿದ ಮೇಲೆ ನಮ್ಮ ಗುಂಪಲ್ಲಿ ಆ ಸಿನಿಮಾ ಹಾಕೋಣ ಅಂತ ಯಾರೂ ಕೇಳಲಿಲ್ಲ.

ಮನೆಯಲ್ಲಿ ಹಾಕುವುದಾದರೆ ಹುಡುಗರನ್ನು ಅಜ್ಜಿ ಮನೆಗೆ ಕಳಿಸಿ, ‘ಎ’ ಅಂದರೆ 18 ದಾಟಿದವರಿಗೆ ಮಾತ್ರ. ಬಾಗಿಲು ಹಾಕಿದರೆ ಸಾಲದು, ಸೌಂಡೂ ಇಳಿಸಿ. ‘ದಂಡುಪಾಳ್ಯ’ ನೋಡಿದ ಮಾರನೇ ಬೆಳಗ್ಗೆ ಪಕ್ಕದ ಮನೆ ಅಜ್ಜಿ ಹಾಲಿನ ಪ್ಯಾಕೆಟ್ ಹಿಡಿದುಕೊಂಡೇ ಗೇಟಿನ ಹತ್ತಿರ ಬಂದು ಕೇಳಿದರು, “ರಾತ್ರಿ ನಿಮ್ಮನೇಲಿ ಯಾರಪ್ಪಾ ಹಂಗೆ ಕಿರುಚ್ಕೊಂಡಿದ್ದು?”