ಅರಮನೆಗೆ ಪಾಠ ಹೇಳಲು ಬಂದವಳು: ಗವರ್ನೆಸ್ ಕುರಿತ ಐತಿಹಾಸಿಕ ಕಾದಂಬರಿಯನ್ನು ಬರೆಯುವ ಬಗೆ

ರಾಜಮನೆತನದ ಮಕ್ಕಳಿಗೆ ಪಾಠ ಹೇಳುವ ಗವರ್ನೆಸ್ ಒಬ್ಬಳನ್ನು ನಾಯಕಿಯಾಗಿಟ್ಟುಕೊಂಡು ಐತಿಹಾಸಿಕ ಕಾದಂಬರಿ ಬರೆಯಲು ಹೊರಟವರು, ಆಕೆ ಅರಮನೆಯೊಳಗೆ ಎಲ್ಲಿ ನಿಲ್ಲುತ್ತಾಳೆ ಎಂಬುದನ್ನು ಎಲ್ಲಕ್ಕಿಂತ ಮೊದಲು ಗೊತ್ತುಮಾಡಿಕೊಳ್ಳಬೇಕು. ಆಕೆ ದಾಸಿಯರ ಸಾಲಿಗೆ ಸೇರಿದವಳಲ್ಲ, ರಾಣಿವಾಸದವಳೂ ಅಲ್ಲ. ತಿಂಗಳಿಗೊಮ್ಮೆ ಸಂಬಳಕ್ಕೆ ಕೈಯೊಡ್ಡುವವಳೇ ಆದರೂ ನಾಳೆ ಪಟ್ಟವೇರಲಿರುವ ಹುಡುಗನ ಕಾಗುಣಿತವನ್ನು ತಿದ್ದುವ ಅಧಿಕಾರ ಅವಳಿಗಿದೆ. ಈ ಇಕ್ಕಟ್ಟು ಅರ್ಥವಾಗದೆ ಬರೆದ ಕಾದಂಬರಿಯಲ್ಲಿ ಅರಮನೆಯ ವರ್ಣನೆ ಎಷ್ಟಿದ್ದರೂ ನಾಯಕಿಗೆ ಜೀವ ಬರುವುದಿಲ್ಲ.

ಈ ಕೆಲಸದ ಕಷ್ಟಗಳನ್ನೆಲ್ಲ ಒಬ್ಬಳಲ್ಲೇ ಕಾಣಬೇಕೆಂದರೆ ಆನಾ ಲಿಯೊನೊವೆನ್ಸ್ ಅವರ ಬದುಕನ್ನು ನೋಡಬೇಕು. 1862ರ ಮಾರ್ಚ್ ತಿಂಗಳಲ್ಲಿ, ಮೂವತ್ತು ವರ್ಷದ ಈ ವಿಧವೆ ತನ್ನ ಚಿಕ್ಕ ಮಗ ಲೂಯಿಯನ್ನು ಕರೆದುಕೊಂಡು ಸಿಂಗಪುರದಿಂದ ಹಡಗಿನಲ್ಲಿ ಬ್ಯಾಂಕಾಕ್‌ಗೆ ಬಂದಿಳಿದು, ಸಯಾಮಿನ (ಇಂದಿನ ಥಾಯ್ಲೆಂಡಿನ) ದೊರೆ ಮೊಂಗ್ಕುತ್‌ನ ಮಕ್ಕಳಿಗೆ ಐದು ವರ್ಷ ಇಂಗ್ಲಿಷ್ ಕಲಿಸಿದಳು. ತಾನು 1834ರಲ್ಲಿ ವೇಲ್ಸ್ ಪ್ರಾಂತದಲ್ಲಿ ಹುಟ್ಟಿದವಳು, ತಂದೆ ಸೈನ್ಯದ ಕ್ಯಾಪ್ಟನ್, ಗಂಡ ಸೇನಾಧಿಕಾರಿ ಎಂದು ಆಕೆ ಜೀವನದುದ್ದಕ್ಕೂ ಹೇಳಿಕೊಂಡಳು. ದಾಖಲೆಗಳು ಹೇಳುವುದು ಬೇರೆ. ಆಕೆ ಹುಟ್ಟಿದ್ದು 1831ರ ನವೆಂಬರ್‌ನಲ್ಲಿ, ನಮ್ಮ ಪಕ್ಕದ ಅಹಮದ್‌ನಗರದಲ್ಲಿ. ಮರಗೆಲಸದ ಕುಟುಂಬದಿಂದ ಬಂದು ಕಂಪನಿಯ ಸೈನ್ಯದಲ್ಲಿ ಸಾರ್ಜೆಂಟ್ ಆಗಿದ್ದ ತಂದೆ ಮಗಳು ಹುಟ್ಟುವ ಮೊದಲೇ ತೀರಿಕೊಂಡಿದ್ದ. ತಾಯಿಯ ಕಡೆಯಿಂದ ಭಾರತೀಯ ರಕ್ತವೂ ಬೆರೆತಿದ್ದಿರಬಹುದೆಂದು ಸಂಶೋಧಕರು ಹೇಳುತ್ತಾರೆ. 1849ರ ಕ್ರಿಸ್‌ಮಸ್ ದಿನ ಪುಣೆಯಲ್ಲಿ ಆಕೆಯನ್ನು ಮದುವೆಯಾದ ಥಾಮಸ್ ಲಿಯಾನ್ ಓವೆನ್ಸ್ ಒಬ್ಬ ಗುಮಾಸ್ತ. 1859ರಲ್ಲಿ ಪೆನಾಂಗ್‌ನಲ್ಲಿ ಅವನು ಸತ್ತಾಗ ಹೋಟೆಲ್ ನಡೆಸುತ್ತಿದ್ದ. ಅವನ ಹೆಸರಿನ ಕೊನೆಯ ಎರಡು ಪದಗಳನ್ನು ಕೂಡಿಸಿಕೊಂಡು ಆಕೆ ಲಿಯೊನೊವೆನ್ಸ್ ಆದಳು. ಈ ಗುಟ್ಟು ಬಯಲಾದದ್ದು 1970ರ ದಶಕದಲ್ಲಿ. ಬಯಲು ಮಾಡಿದವರು ಜೇಡಗಳ ಅಧ್ಯಯನಕ್ಕೆ ಹೆಸರಾದ ಡಬ್ಲ್ಯು. ಎಸ್. ಬ್ರಿಸ್ಟೋವ್ ಎಂಬ ವಿಜ್ಞಾನಿ. ಅವರು ಮಗ ಲೂಯಿಯ ಜೀವನಚರಿತ್ರೆಗಾಗಿ ಹಳೆಯ ರಿಜಿಸ್ಟರುಗಳನ್ನು ತಿರುವಿಹಾಕುತ್ತಿದ್ದರು.

ಹೀಗೆ ಸ್ವತಃ ನಾಯಕಿಯೇ ತನ್ನ ಬದುಕನ್ನು ಕಟ್ಟುಕಥೆ ಮಾಡಿಕೊಂಡಿರುವಾಗ ಕಾದಂಬರಿಕಾರರು ಏನು ಮಾಡಬೇಕು? ನಾನು ಟಿಪ್ಪಣಿ ಪುಸ್ತಕದಲ್ಲಿ ಮೂರು ಬಣ್ಣದ ಶಾಯಿ ಬಳಸುತ್ತೇನೆ, ಹೊಸಬರಿಗೂ ಅದನ್ನೇ ಹೇಳುತ್ತೇನೆ. ಆಕೆಯ ಮಾತಿನ ಹೊರಗೆ ಸಾಕ್ಷ್ಯವಿರುವುದನ್ನೆಲ್ಲ ಕಪ್ಪು ಶಾಯಿಯಲ್ಲಿ ಬರೆಯಿರಿ. ಆಕೆಯ ಮಾತೊಂದೇ ಆಧಾರವಾಗಿರುವುದನ್ನು ನೀಲಿಯಲ್ಲಿ ಬರೆಯಿರಿ. ನೀವೇ ಕಲ್ಪಿಸಿಕೊಂಡದ್ದು ಕೆಂಪಿನಲ್ಲಿರಲಿ. ಆಕೆಗೆ ಅಚ್ಚುಮೆಚ್ಚಾಗಿದ್ದ ಎಂಟು ವರ್ಷದ ರಾಜಕುಮಾರಿ ಚಂತಮೊಂತೋನ್ 1863ರಲ್ಲಿ ಕಾಲರಾದಿಂದ ತೀರಿಕೊಂಡದ್ದು ಕಪ್ಪು ಶಾಯಿಯ ಸಂಗತಿ. ಅರಮನೆಯ ಹೊರಗೆ ತನಗೆ ಪ್ರತ್ಯೇಕ ಮನೆ ಬೇಕೆಂದು ಆಕೆ ಹೂಡಿದ ಹಟದ ವಿವರಗಳು ನೀಲಿ. ಆ ಹಟದ ರಾತ್ರಿ ಮಗನನ್ನು ಮಲಗಿಸುವಾಗ ಆಕೆ ಏನು ಯೋಚಿಸಿದಳೆಂಬುದು ಕೆಂಪು. ಬರೆದು ಮುಗಿಸಿದ ಮೇಲೆ ಓದುಗರಿಗೆ ಈ ಬಣ್ಣಗಳು ಕಾಣಬೇಕಾಗಿಲ್ಲ, ಆದರೆ ಬರೆಯುವವರ ಕಣ್ಣಿಗೆ ಅವು ಕೊನೆಯ ಕರಡಿನವರೆಗೂ ಕಾಣುತ್ತಿರಬೇಕು. ನೀಲಿಯು ಕಪ್ಪಿನ ವೇಷ ಹಾಕಿಕೊಂಡು ನುಸುಳಿದರೆ ಯಾರಿಗೋ ಅನ್ಯಾಯವಾಗುತ್ತದೆ.

ಅದಕ್ಕೆ ಆನಾಳ ಬರವಣಿಗೆಯಲ್ಲೇ ಒಂದು ಸ್ಪಷ್ಟ ಉದಾಹರಣೆಯಿದೆ. ಮೊಂಗ್ಕುತ್ ತನ್ನ ಸಿಟ್ಟಿಗೆ ಗುರಿಯಾದ ಅಂತಃಪುರದ ಹೆಂಗಸರನ್ನು ನೆಲಮಾಳಿಗೆಯ ಸೆರೆಯಲ್ಲಿ ಇಡುತ್ತಿದ್ದನೆಂದು ಆಕೆ ಬರೆದಳು. ಚಾವೊ ಫ್ರಾಯಾ ನದಿಯ ದಡದ ಬ್ಯಾಂಕಾಕ್‌ನಲ್ಲಿ ಸ್ವಲ್ಪ ಅಗೆದರೆ ಸಾಕು, ನೀರು ಬರುತ್ತದೆ. ಅಂಥ ಮಣ್ಣಿನಲ್ಲಿ ನೆಲದಡಿಯ ಕೋಣೆ ಉಳಿಯುವುದೇ ಇಲ್ಲವೆಂದು ಇತಿಹಾಸಕಾರರು ತೋರಿಸಿಕೊಟ್ಟಿದ್ದಾರೆ. ಕಾದಂಬರಿಕಾರರು ಇಂಥ ದೃಶ್ಯವನ್ನು ಬಿಟ್ಟೇಬಿಡಬೇಕೆಂದು ನಾನು ಹೇಳುವುದಿಲ್ಲ. ಅದು ನಡೆಯಿತು ಎಂದು ಬರೆಯುವ ಬದಲು, ಅಮೆರಿಕದಲ್ಲಿ ಕುಳಿತು ಪುಸ್ತಕದ ಹಣದಲ್ಲಿ ಬದುಕು ಸಾಗಿಸಬೇಕಾದ ಹೆಂಗಸೊಬ್ಬಳು ದೀಪದ ಬೆಳಕಿನಲ್ಲಿ ಅದನ್ನು ಬರೆಯುತ್ತಿದ್ದಾಳೆ ಎಂದು ಬರೆದರೆ, ಸುಳ್ಳು ಕೂಡ ಪಾತ್ರದ ಸತ್ಯವಾಗಿ ನಿಲ್ಲುತ್ತದೆ. ಆಕೆಯ ಕಥೆಯನ್ನು ಆಧರಿಸಿದ ಚಲನಚಿತ್ರಗಳಿಗೆ ಥಾಯ್ಲೆಂಡಿನಲ್ಲಿ ನಿಷೇಧ ಬಿದ್ದದ್ದು ಏಕೆಂಬುದನ್ನು ಈ ಹಾದಿಗೆ ಇಳಿಯುವವರು ಯೋಚಿಸಬೇಕು. ತಮ್ಮ ದೊರೆಯನ್ನು ಕುಣಿದಾಡುವ ಮೊದ್ದನನ್ನಾಗಿ ತೋರಿಸಿದ್ದು ಆ ಜನಕ್ಕೆ ನೋವು ತಂದಿತ್ತು, ಮತ್ತು ಆ ನೋವು ನ್ಯಾಯವಾದದ್ದು.

ಆದ್ದರಿಂದ ಗವರ್ನೆಸ್‌ಗೆ ಕೊಟ್ಟಷ್ಟೇ ಸಮಯವನ್ನು ಆಕೆಯನ್ನು ಕರೆಸಿಕೊಂಡ ಆಸ್ಥಾನಕ್ಕೂ ಕೊಡಿ. ಆಕೆಯನ್ನು ಏಕೆ ಕರೆಸಿಕೊಂಡರು ಎಂಬ ಒಂದು ಪ್ರಶ್ನೆಯನ್ನು ಬೆನ್ನಟ್ಟಿದರೆ ಕಾದಂಬರಿಯ ಅರ್ಧ ಕಥೆ ತಾನಾಗಿ ಬಿಚ್ಚಿಕೊಳ್ಳುತ್ತದೆ. ಮೊಂಗ್ಕುತ್ ಪಟ್ಟಕ್ಕೆ ಬರುವ ಮೊದಲು 27 ವರ್ಷ ಬೌದ್ಧ ಭಿಕ್ಷುವಾಗಿದ್ದವನು. ಪಾಲಿಯಲ್ಲಿ ಪಂಡಿತ, ಫ್ರೆಂಚ್ ಬಿಷಪ್ ಒಬ್ಬರಿಂದ ಲ್ಯಾಟಿನ್ನನ್ನೂ ಅಮೆರಿಕದ ಮಿಷನರಿಗಳಿಂದ ಇಂಗ್ಲಿಷನ್ನೂ ಕಲಿತವನು. ಬರ್ಮಾದ ದೊಡ್ಡ ಭಾಗವನ್ನು ಬ್ರಿಟಿಷರು, ಕೊಚ್ಚಿನ್ ಚೀನಾವನ್ನು (ಇಂದಿನ ವಿಯೆಟ್ನಾಮಿನ ದಕ್ಷಿಣ ಭಾಗವನ್ನು) ಫ್ರೆಂಚರು ನುಂಗುತ್ತಿದ್ದ ಕಾಲದಲ್ಲಿ, 1855ರಲ್ಲಿ ಬ್ರಿಟನ್ನಿನೊಡನೆ ವ್ಯಾಪಾರ ಒಪ್ಪಂದ ಮಾಡಿಕೊಂಡು ರಾಜ್ಯವನ್ನು ಉಳಿಸಿಕೊಂಡವನು. ಮಕ್ಕಳು ಆ ಬಿಳಿಯರ ಭಾಷೆಯನ್ನು ಕಲಿಯಲೇಬೇಕಿತ್ತು. ಮೊದಲು ಪಾಠ ಹೇಳುತ್ತಿದ್ದ ಮಿಷನರಿಗಳ ಹೆಂಡತಿಯರು ಅಕ್ಷರದ ಜತೆಗೆ ಮತವನ್ನೂ ಬೋಧಿಸಲು ತೊಡಗಿದ್ದರಿಂದ, ಸಿಂಗಪುರದ ವರ್ತಕ ತಾನ್ ಕಿಮ್ ಚಿಂಗ್ ಅವರ ಮೂಲಕ ಬೇರೊಬ್ಬಳನ್ನು ಹುಡುಕಿಸಿ, ಭಾಷೆ ಮತ್ತು ವಿದ್ಯೆಯನ್ನು ಕಲಿಸಬೇಕು, ಮತಾಂತರದ ಮಾತು ಬೇಡ ಎಂದು ಸ್ಪಷ್ಟವಾಗಿ ತಿಳಿಸಿದ. ಅಂದರೆ ಆಕೆಯ ಕೈಯಲ್ಲಿದ್ದ ವ್ಯಾಕರಣದ ಪುಸ್ತಕಕ್ಕೂ ಗಡಿಯಾಚೆ ನಿಂತಿದ್ದ ಫಿರಂಗಿಗಳಿಗೂ ನೇರ ಸಂಬಂಧವಿತ್ತು. ಪಾಠದ ಕೋಣೆಯ ದೃಶ್ಯಗಳಲ್ಲಿ ಈ ಒತ್ತಡ ಎಲ್ಲೋ ಒಂದು ಕಡೆ ತಾಗಬೇಕು.

ಇನ್ನು ಆ ಕೋಣೆ. ಬ್ಯಾಂಕಾಕ್ ಅರಮನೆಯ ಒಳ ಆವರಣ ಹೆಂಗಸರ ಪಟ್ಟಣವೇ ಆಗಿತ್ತು. ಕಾವಲಿನವರೂ ಹೆಂಗಸರೇ. ದೊರೆಯನ್ನು ಬಿಟ್ಟರೆ ಅಲ್ಲಿ ವಾಸಿಸುತ್ತಿದ್ದ ಗಂಡುಗಳೆಂದರೆ ಚೌಲವಾಗದ ಹುಡುಗರು ಮಾತ್ರ. ಸಯಾಮಿನ ಮಕ್ಕಳಿಗೆ ನೆತ್ತಿಯ ಮೇಲೆ ಒಂದು ಜುಟ್ಟು ಬಿಟ್ಟಿರುತ್ತಿದ್ದರು, ಪ್ರಾಯಕ್ಕೆ ಬರುವಾಗ ದೊಡ್ಡ ಸಮಾರಂಭ ಮಾಡಿ ಅದನ್ನು ತೆಗೆಸುತ್ತಿದ್ದರು. ಮುಂದೆ ಪಟ್ಟವೇರಿದ ರಾಜಕುಮಾರ ಚುಲಾಲಾಂಗ್‌ಕಾರ್ನ್‌ಗೆ ಈ ಸಂಸ್ಕಾರ ನಡೆದದ್ದು 1866ರಲ್ಲಿ, ಆನಾ ಅಲ್ಲಿರುವಾಗಲೇ. ಇಂಥ ವಿವರಗಳನ್ನು ಪಟ್ಟಿ ಮಾಡಿ ಅಧ್ಯಾಯದ ಆರಂಭದಲ್ಲಿ ಸುರಿಯುವುದು ಹೊಸಬರು ಮಾಡುವ ದೊಡ್ಡ ತಪ್ಪು. ವಿವರವೊಂದನ್ನು ಪಾತ್ರದ ಮೈಗೆ ತಾಗಿಸಬೇಕು. ಸಯಾಮಿನಲ್ಲಿ ತಲೆ ಪವಿತ್ರ, ಇನ್ನೊಬ್ಬರ ತಲೆಯನ್ನು, ಅದರಲ್ಲೂ ರಾಜವಂಶದ ಮಗುವಿನ ತಲೆಯನ್ನು, ಮುಟ್ಟುವುದು ಘೋರ ಅಪಚಾರ. ನಮ್ಮಲ್ಲಾದರೆ ಚೆನ್ನಾಗಿ ಓದಿದ ಮಗುವಿನ ತಲೆ ಸವರದ ಹಿರಿಯರುಂಟೇ? ಈ ಎರಡು ರೂಢಿಗಳನ್ನು ಎದುರುಬದುರು ನಿಲ್ಲಿಸಿದರೆ ದೃಶ್ಯ ಹೀಗೆ ಬರಬಹುದು:

“ಮಗು ಒಂದು ತಪ್ಪೂ ಇಲ್ಲದೆ ಓದಿ ಮುಗಿಸಿತು. ಪುಣೆಯ ದಂಡಿನಲ್ಲಿ ಪಳಗಿದ ಕೈ ತಾನಾಗಿ ಮೇಲೆದ್ದಿತು. ಜುಟ್ಟಿಗೆ ಸುತ್ತಿದ್ದ ಮಲ್ಲಿಗೆ ದಂಡೆಗೆ ಇನ್ನೊಂದು ಗೇಣು ಇರುವಾಗ, ಗೋಡೆಯ ಪಕ್ಕ ಕುಳಿತಿದ್ದ ದಾದಿ ಉಸಿರು ಬಿಗಿಹಿಡಿದದ್ದು ಕೇಳಿಸಿತು. ಆಕೆ ಕೈಯನ್ನು ಹಾಗೆಯೇ ಇಳಿಸಿ ಪುಸ್ತಕದ ಹಾಳೆ ತಿರುಗಿಸಿದಳು. ಮುಂದಿನ ಪಾಠ, ಎಂದಳು.”

ಇಲ್ಲಿ ವೇಲ್ಸ್‌ನ ಹೆಣ್ಣುಮಗಳ ಕೈ ಏಳುವುದಿಲ್ಲ, ದಖ್ಖನದ ಹೆಣ್ಣುಮಗಳ ಕೈ ಏಳುತ್ತದೆ. ಆಕೆ ಜನ್ಮವಿಡೀ ಮುಚ್ಚಿಟ್ಟದ್ದನ್ನು ನಿರೂಪಕರು ಬಾಯಿಬಿಟ್ಟು ಹೇಳುವುದಕ್ಕಿಂತ ಆ ಕೈಯೇ ಹೇಳಿದರೆ ಓದುಗರು ನಂಬುತ್ತಾರೆ. ಕಾದಂಬರಿಯ ಉದ್ದಕ್ಕೂ ಇಂಥ ನಾಲ್ಕೈದು ಸಂದರ್ಭಗಳು ಸಾಕು. ಹೆಚ್ಚಾದರೆ ಗುಟ್ಟಿನ ತೂಕ ಹೋಗುತ್ತದೆ.

ಕನ್ನಡದಲ್ಲಿ ಬರೆಯುವವರಿಗೆ ಭಾಷೆಯ ಸಮಸ್ಯೆ ವಿಶೇಷವಾಗಿ ಕಾಡುತ್ತದೆ, ಹಾಗೆಯೇ ವಿಶೇಷ ಅನುಕೂಲವೂ ಒದಗುತ್ತದೆ. ಥಾಯ್ ಭಾಷೆಯಲ್ಲಿ ರಾಜವಂಶದವರ ಕುರಿತು ಮಾತಾಡಲು ಬೇರೆಯದೇ ಪದಸಂಪತ್ತಿದೆ, ಅದರಲ್ಲಿ ಬಹುಪಾಲು ಸಂಸ್ಕೃತ, ಪಾಲಿ, ಖ್ಮೇರ್ ಮೂಲದ್ದು. ಇಂಗ್ಲಿಷಿನ ಒಂದೇ ‘ಯೂ’ಗೆ ದಕ್ಕದ ಆ ಮೆಟ್ಟಿಲುಗಳನ್ನು ಕನ್ನಡದ ‘ನೀನು’, ‘ನೀವು’, ‘ತಾವು’ ಸಹಜವಾಗಿ ತೋರಿಸಬಲ್ಲವು. ಆನಾ ಎಂಟು ವರ್ಷದ ರಾಜಕುಮಾರನನ್ನು ಮೊದಲ ದಿನ ಹೇಗೆ ಕರೆದಳು, ಯಾವ ದಿನ ‘ತಾವು’ ಹೋಗಿ ‘ನೀನು’ ಬಂತು, ಅವನು ಪಟ್ಟದ ಹಾದಿಯಲ್ಲಿ ಹತ್ತಿರಾದಂತೆ ಮತ್ತೆ ಯಾವಾಗ ‘ತಾವು’ ಮರಳಿತು ಎಂಬುದನ್ನು ಯೋಜಿಸಿಕೊಂಡರೆ, ಗುರುಶಿಷ್ಯರ ಸಂಬಂಧದ ಏರಿಳಿತವೆಲ್ಲ ಸರ್ವನಾಮದಲ್ಲೇ ಬಂದುಬಿಡುತ್ತದೆ. ಆದರೆ ‘ಬುದ್ಧಿ’, ‘ಖಾವಂದರು’ ಮುಂತಾದ ನಮ್ಮ ಅರಮನೆಯ ಸಂಬೋಧನೆಗಳನ್ನು ಬಳಸಬೇಡಿ. ಓದುಗರ ಮನಸ್ಸು ಆ ಕ್ಷಣವೇ ಬ್ಯಾಂಕಾಕ್ ಬಿಟ್ಟು ಮೈಸೂರಿಗೆ ಬಂದುಬಿಡುತ್ತದೆ. ಮೊಂಗ್ಕುತ್‌ನ ಇಂಗ್ಲಿಷ್ ವಿಚಿತ್ರವಾಗಿತ್ತೆಂಬ ಕಾರಣಕ್ಕೆ ಅವನ ಬಾಯಲ್ಲಿ ಮುರುಕು ಕನ್ನಡವನ್ನು ಇಡುವುದೂ ತಪ್ಪು. ವಯಸ್ಸಾದ ಮೇಲೆ ಕಲಿತ ಭಾಷೆಯಲ್ಲಿ ವಿದೇಶದ ರಾಣಿಗೂ ಅಧ್ಯಕ್ಷರಿಗೂ ಸ್ವತಃ ಪತ್ರ ಬರೆಯುತ್ತಿದ್ದವನು ಅವನು. ಸಮಾನಾರ್ಥಕ ಪದಗಳನ್ನು ಪೇರಿಸಿಕೊಂಡು ಹೋಗುವ, ತುಸು ಗ್ರಾಂಥಿಕವಾದ ಕನ್ನಡ ಆ ಪಂಡಿತನಿಗೆ ಒಪ್ಪುತ್ತದೆ.

ಯಾರ ಕಣ್ಣಿನಿಂದ ಕಥೆ ಹೇಳಬೇಕು? ಆನಾಳ ಬಾಯಲ್ಲೇ ಹೇಳಿಸಿದರೆ ಆಕೆಯ ಸುಳ್ಳುಗಳ ಜತೆ ನೀವೂ ಸಿಕ್ಕಿಕೊಳ್ಳುತ್ತೀರಿ. ಆಕೆಗೆ ಹತ್ತಿರವಾಗಿ ನಿಂತು, ಆಕೆಯನ್ನು ‘ಅವಳು’ ಎಂದೇ ಹೇಳುವ ಪ್ರಥಮಪುರುಷದ ನಿರೂಪಣೆಯೇ ಕ್ಷೇಮವೆಂದು ನನಗೆ ಅನಿಸುತ್ತದೆ. ನಡುನಡುವೆ ಮಗುವಿನ ಕಡೆಗೂ ಹೋಗಿಬನ್ನಿ. ಆನಾ ಬರುವ ಹಿಂದಿನ ವರ್ಷವಷ್ಟೇ, 1861ರಲ್ಲಿ, ಚುಲಾಲಾಂಗ್‌ಕಾರ್ನ್ ತಾಯಿಯನ್ನು ಕಳೆದುಕೊಂಡಿದ್ದ. ತಾಯಿಯಿಲ್ಲದ ಹುಡುಗನ ಮುಂದೆ ಬಂದು ಕುಳಿತ ಪರದೇಶದ ಹೆಂಗಸು ಅವನಿಗೆ ಏನಾಗಿ ಕಂಡಿರಬೇಕು ಎಂಬುದನ್ನು ಬರೆಯುವುದಕ್ಕೆ ಬಹಳ ಅವಕಾಶವಿದೆ. ಇದೇ ವಸ್ತುವನ್ನು ನಮ್ಮ ನೆಲಕ್ಕೆ ಹತ್ತಿರ ತಂದು ಬರೆಯಲು ಬಯಸುವವರು ಕೊಡಗಿನ ಚಿಕ್ಕವೀರರಾಜೇಂದ್ರನ ಮಗಳು ಗೌರಮ್ಮನನ್ನು ನೆನೆಯಬಹುದು. 1852ರಲ್ಲಿ ಲಂಡನ್ನಿನ ಅರಮನೆಯಲ್ಲಿ ಅವಳಿಗೆ ದೀಕ್ಷಾಸ್ನಾನ ಮಾಡಿಸಿ, ವಿಕ್ಟೋರಿಯಾ ರಾಣಿಯೇ ಧರ್ಮಮಾತೆಯಾಗಿ ನಿಂತಳು, ಆ ಹುಡುಗಿ ಇಂಗ್ಲಿಷ್ ಮಹಿಳೆಯರ ಪೋಷಣೆಯಲ್ಲಿ ಬೆಳೆದಳು. ಅಲ್ಲಿ ಕಲಿಸುವವರು ಮನೆಯವರು, ಕಲಿಯುವವಳು ಪರದೇಶಿ.

ಶಿಷ್ಯನ ಸಾಧನೆಯನ್ನೆಲ್ಲ ಗವರ್ನೆಸ್‌ನ ಲೆಕ್ಕಕ್ಕೆ ಬರೆಯುವ ಆಸೆಯನ್ನೂ ತಡೆದುಕೊಳ್ಳಬೇಕು. ಚುಲಾಲಾಂಗ್‌ಕಾರ್ನ್ 1874ರಿಂದ 1905ರವರೆಗೆ ಹಂತಹಂತವಾಗಿ ಜೀತಪದ್ಧತಿಯನ್ನು ಕೊನೆಗಾಣಿಸಿದ. ಮೂವತ್ತು ವರ್ಷಗಳ ಆ ರಾಜಕೀಯ ಜಾಣ್ಮೆಯನ್ನು ಬಾಲ್ಯದ ಐದು ವರ್ಷಗಳ ಇಂಗ್ಲಿಷ್ ಪಾಠಕ್ಕೆ ಕಟ್ಟುವುದು ಅವನಿಗೆ ಮಾಡುವ ಅವಮಾನ.

ದೊರೆಯ ಸಾವಿನ ಸನ್ನಿವೇಶದಲ್ಲಿಯೂ ಎಚ್ಚರ ಬೇಕು. 1868ರ ಆಗಸ್ಟ್ 18ರಂದು ಖಗ್ರಾಸ ಸೂರ್ಯಗ್ರಹಣ. ಅದು ಎಲ್ಲಿ ಕಾಣುತ್ತದೆಂದು ಮೊಂಗ್ಕುತ್ ತಾನೇ ಗಣಿತ ಹಾಕಿ, ವಾ ಕೋ ಎಂಬ ಕಡಲತೀರಕ್ಕೆ ಆಸ್ಥಾನವನ್ನೂ ವಿದೇಶಿ ಅತಿಥಿಗಳನ್ನೂ ಕರೆದೊಯ್ದ, ಗಣಿತ ನಿಜವಾಯಿತು. ಅದೇ ನೆರಳು ಅಂದು ನಮ್ಮ ಜಮಖಂಡಿಯ ಮೇಲೂ ಹಾದುಹೋಗಿತ್ತು. ಅಲ್ಲಿ ಲೆಫ್ಟಿನೆಂಟ್ ಜಾನ್ ಹರ್ಷಲ್ ದೂರದರ್ಶಕವಿಟ್ಟುಕೊಂಡು ಕಾದಿದ್ದರು. ವಾ ಕೋದಲ್ಲಿ ಹತ್ತಿದ ಮಲೇರಿಯಾದಿಂದ ದೊರೆ ಅಕ್ಟೋಬರ್ 1ರಂದು ತೀರಿಕೊಂಡ. ಆನಾ 1867ರಲ್ಲೇ ಸಯಾಮ್ ಬಿಟ್ಟಿದ್ದಳು. ಆಕೆಯನ್ನು ಮರಣಶಯ್ಯೆಯ ಪಕ್ಕ ಕೂರಿಸಿದರೆ ದೃಶ್ಯ ಕಣ್ಣೀರು ತರಿಸೀತು, ಆದರೆ ತಿಳಿದ ಓದುಗರು ಅಲ್ಲಿಂದಾಚೆ ನಿಮ್ಮ ಒಂದು ಮಾತನ್ನೂ ನಂಬುವುದಿಲ್ಲ. ಸುದ್ದಿ ದೂರದಲ್ಲಿ, ತಡವಾಗಿ, ಕಾಗದದಲ್ಲಿ ಬರಲಿ. ಜತೆಗಿದ್ದು ಸಾಕಿದವರ ಸಾವನ್ನು ಊರಿನವರಿಂದ ಕೇಳಿ ತಿಳಿಯಬೇಕಾದವರ ಸಂಕಟ ಗವರ್ನೆಸ್ ಬದುಕಿಗೆ ಹೆಚ್ಚು ಹೊಂದುತ್ತದೆ.

ಕಾದಂಬರಿಯನ್ನು ಆಕೆ ಹಡಗು ಹತ್ತುವಲ್ಲಿಗೆ ನಿಲ್ಲಿಸಬಹುದು, 1915ರಲ್ಲಿ ಮಾಂಟ್ರಿಯಲ್‌ನಲ್ಲಿ ಆಕೆ ಕಣ್ಣುಮುಚ್ಚುವವರೆಗೂ ಒಯ್ಯಬಹುದು. ನಾನಾದರೆ 1897ಕ್ಕೆ ನಿಲ್ಲಿಸುತ್ತೇನೆ. ಆ ವರ್ಷ ಯುರೋಪ್ ಪ್ರವಾಸಕ್ಕೆ ಬಂದಿದ್ದ ಚುಲಾಲಾಂಗ್‌ಕಾರ್ನ್ ಲಂಡನ್ನಿನಲ್ಲಿ ತನ್ನ ಹಳೆಯ ಗುರುವನ್ನು ಭೇಟಿಯಾದ. ಅವನಿಗೆ ನಲವತ್ತಮೂರು, ಆಕೆಗೆ ಅರವತ್ತೈದು. ತಂದೆಯ ಬಗ್ಗೆ ಆಕೆ ಬರೆದ ಪುಸ್ತಕಗಳು ಆಗಲೇ ಲೋಕದ ಕೈಯಲ್ಲಿದ್ದವು, ಆಕೆಯ ಹುಟ್ಟೂರಿನ ಗುಟ್ಟು ಮಾತ್ರ ಇನ್ನೂ ಆಕೆಯ ಬಳಿಯೇ ಇತ್ತು. ಆ ಕೋಣೆಯೊಳಗೆ ನೀವು ಆಡಿಸುವ ಮಾತೆಲ್ಲ ಕೆಂಪು ಶಾಯಿಯದು. ಆದ್ದರಿಂದ ಮಾತನ್ನು ಕಡಿಮೆ ಮಾಡಿ, ಯಾರು ಮೊದಲು ಎದ್ದು ನಿಂತರು, ಆಕೆ ಅವನನ್ನು ‘ತಾವು’ ಎಂದಳೋ ‘ನೀನು’ ಎಂದಳೋ, ಎಂಬಿಷ್ಟನ್ನು ಬರೆದು ಲೇಖನಿ ಕೆಳಗಿಡಿ.