ಪಾಸ್‌ಪೋರ್ಟ್ ಅರ್ಜಿ: ಬಾಕಿ ಇರುವ ಪ್ರಕರಣವನ್ನು ತಿಳಿಸುವುದು ಹೇಗೆ?

ಕೊಲ್ಲಿ ರಾಷ್ಟ್ರಗಳ ಕೆಲಸಕ್ಕೆ ಹೊರಟ ಕರಾವಳಿಯ ಅನೇಕರು ಪಾಸ್‌ಪೋರ್ಟ್ ಅರ್ಜಿಯನ್ನು ಸೈಬರ್ ಸೆಂಟರ್‌ನಲ್ಲಿ ಅಥವಾ ಏಜೆಂಟರಿಂದ ತುಂಬಿಸುತ್ತಾರೆ. ಕ್ರಿಮಿನಲ್ ಪ್ರಕರಣದ ಪ್ರಶ್ನೆ ಬಂದಾಗ, ಅರ್ಜಿದಾರರನ್ನು ವಿಚಾರಿಸದೆಯೇ ‘ಇಲ್ಲ’ ಎಂದು ಗುರುತಿಸಿಬಿಡುವುದೂ ಉಂಟು. ಆದರೆ ಮುಖ್ಯ ಮಾಹಿತಿಯನ್ನು ಮುಚ್ಚಿಟ್ಟು ಪಡೆದ ಪಾಸ್‌ಪೋರ್ಟನ್ನು, ಅಥವಾ ಅರ್ಜಿದಾರರಾಗಲಿ ಅವರ ಪರವಾಗಿ ಬೇರೊಬ್ಬರಾಗಲಿ ಕೊಟ್ಟ ತಪ್ಪು ಮಾಹಿತಿಯ ಮೇಲೆ ಪಡೆದ ಪಾಸ್‌ಪೋರ್ಟನ್ನು ಮುಟ್ಟುಗೋಲು ಹಾಕಿಕೊಳ್ಳಲು ಇಲ್ಲವೇ ರದ್ದುಪಡಿಸಲು 1967ರ ಪಾಸ್‌ಪೋರ್ಟ್ ಕಾಯ್ದೆಯ ಸೆಕ್ಷನ್ 10(3)(ಬಿ) ಅಧಿಕಾರ ನೀಡುತ್ತದೆ. ಹಾಗಾಗಿ ‘ಏಜೆಂಟರು ತುಂಬಿದ್ದು’ ಎಂಬ ಸಮಜಾಯಿಷಿ ಪಾಸ್‌ಪೋರ್ಟನ್ನು ಉಳಿಸಿಕೊಡುವುದಿಲ್ಲ. ಗೊತ್ತಿದ್ದೂ ಮುಚ್ಚಿಟ್ಟಿದ್ದರೆ ಸೆಕ್ಷನ್ 12ರಡಿ ಎರಡು ವರ್ಷಗಳವರೆಗೆ ಸೆರೆವಾಸ, 5,000 ರೂಪಾಯಿವರೆಗೆ ದಂಡ ಅಥವಾ ಎರಡನ್ನೂ ವಿಧಿಸಲು ಅವಕಾಶವಿದೆ. ಅದಕ್ಕೆ ಕುಮ್ಮಕ್ಕು ಕೊಟ್ಟವರಿಗೂ ಇದೇ ಶಿಕ್ಷೆ.

ಮೊದಲು ನಿಮ್ಮ ಪ್ರಕರಣ ಯಾವ ಬಗೆಯದು ಎಂದು ತಿಳಿದುಕೊಳ್ಳಿ. ಜಾಗದ ಪಾಲಿನ ಸಿವಿಲ್ ದಾವೆಯನ್ನು ಈ ಪ್ರಶ್ನೆಗೆ ಉತ್ತರವಾಗಿ ಬರೆಯಬೇಕಾಗಿಲ್ಲ. ಚೆಕ್ ಅಮಾನ್ಯ ಪ್ರಕರಣವನ್ನು ಬರಿಯ ಹಣದ ತಕರಾರು ಎಂದುಕೊಳ್ಳುವವರು ಬಹಳ ಮಂದಿ. ಕಾನೂನಿನ ಕಣ್ಣಿನಲ್ಲಿ ಅದು ಕ್ರಿಮಿನಲ್ ಪ್ರಕರಣವೇ. ರಸ್ತೆ ಅಪಘಾತದಲ್ಲಿ ಚಾಲಕರ ಮೇಲೆ ಆರೋಪಪಟ್ಟಿ ಸಲ್ಲಿಕೆಯಾಗಿ ನ್ಯಾಯಾಲಯವು ಅದನ್ನು ವಿಚಾರಣೆಗೆ ಎತ್ತಿಕೊಂಡಿದ್ದರೂ ಅಷ್ಟೇ. ಇನ್ನೂ ತನಿಖೆಯ ಹಂತದಲ್ಲಿರುವ ಎಫ್‌ಐಆರ್ ಮಾತ್ರಕ್ಕೆ ಪ್ರಕರಣ ನ್ಯಾಯಾಲಯದಲ್ಲಿ ಬಾಕಿ ಇದೆ ಎಂದಾಗುವುದಿಲ್ಲವೆಂದು ವಿದೇಶಾಂಗ ಸಚಿವಾಲಯ 2019ರಲ್ಲಿ ಸ್ಪಷ್ಟಪಡಿಸಿದೆ. ಸಂಶಯವಿದ್ದರೆ ಇ-ಕೋರ್ಟ್ಸ್ ಜಾಲತಾಣದಲ್ಲಿ ನಿಮ್ಮ ಹೆಸರು ಹಾಕಿ ನೋಡಿ, ಬಳಿಕ ವಕೀಲರನ್ನು ಕೇಳಿ.

ಪ್ರಕರಣ ಬಾಕಿ ಇದ್ದರೆ ಹಾಗೆಂದೇ ಬರೆಯಿರಿ, ಏಕೆಂದರೆ ಅದಕ್ಕೆ ಕಾನೂನಿನಲ್ಲೇ ದಾರಿಯಿದೆ. ಸೆಕ್ಷನ್ 6(2)(ಎಫ್) ಇಂಥವರಿಗೆ ಪಾಸ್‌ಪೋರ್ಟ್ ನಿರಾಕರಿಸುತ್ತದೆಯಾದರೂ, 1993ರ ಆಗಸ್ಟ್ 25ರ ಅಧಿಸೂಚನೆಯ ಪ್ರಕಾರ, ಪ್ರಕರಣ ನಡೆಯುತ್ತಿರುವ ನ್ಯಾಯಾಲಯದಿಂದ ವಿದೇಶಕ್ಕೆ ಹೋಗಲು ಅನುಮತಿ ಪಡೆದವರಿಗೆ ವಿನಾಯಿತಿ ಸಿಗುತ್ತದೆ. ಅನುಮತಿ ಕೋರುವಾಗ ಪಾಸ್‌ಪೋರ್ಟ್ ಎಷ್ಟು ವರ್ಷಕ್ಕೆ ಬೇಕೆಂಬುದನ್ನೂ ಆದೇಶದಲ್ಲಿ ನಮೂದಿಸುವಂತೆ ವಕೀಲರ ಮೂಲಕ ಕೇಳಿಕೊಳ್ಳಿ. ಅವಧಿ ಕಾಣಿಸದಿದ್ದರೆ ಪಾಸ್‌ಪೋರ್ಟ್ ಒಂದೇ ವರ್ಷಕ್ಕೆ ಸಿಗುತ್ತದೆ, ಎರಡು ವರ್ಷದ ಕೆಲಸದ ಕರಾರಿಗೆ ಅದು ಸಾಲುವುದಿಲ್ಲ.

ಹಿಂದೆ ಪಾಸ್‌ಪೋರ್ಟ್ ಇತ್ತೇ, ತುರ್ತು ಪ್ರಮಾಣಪತ್ರದ ಮೇಲೆ, ಎಂದರೆ ನಮ್ಮವರು ಹೇಳುವ ‘ಔಟ್‌ಪಾಸ್’ನಲ್ಲಿ, ಊರಿಗೆ ಮರಳಿದ್ದಿದೆಯೇ ಎಂಬ ಪ್ರಶ್ನೆಗಳಿಗೂ ಇದ್ದುದನ್ನೇ ಬರೆಯಿರಿ. ಹಳೆಯದು ಕಳೆದುಹೋಗಿದ್ದರೆ ಪೊಲೀಸರಿಗೆ ದೂರು ಕೊಟ್ಟು ಮರುವಿತರಣೆಗೆ ಅರ್ಜಿ ಸಲ್ಲಿಸಬೇಕೇ ಹೊರತು ಹೊಸಬರಂತೆ ಅಲ್ಲ.

ಮಂಗಳೂರಿನ ಪಾಸ್‌ಪೋರ್ಟ್ ಸೇವಾ ಕೇಂದ್ರದ ‘ಎ’ ಕೌಂಟರ್‌ನಲ್ಲಿ ನಿಮ್ಮ ವಿವರಗಳು ಪರದೆಯ ಮೇಲೆ ಕಾಣುತ್ತವೆ. ಅವಸರಪಡದೆ ಒಂದೊಂದನ್ನೂ ಓದಿ, ತಪ್ಪಿದ್ದರೆ ಅಲ್ಲಿಯೇ ಹೇಳಿ.

ಪಾಸ್‌ಪೋರ್ಟ್ ನಿರಾಕರಣೆಯಾದರೆ ಅಥವಾ ಮುಟ್ಟುಗೋಲಾದರೆ ಕಾರಣಗಳ ಪ್ರತಿಯನ್ನು ಕೇಳಿ ಪಡೆಯಿರಿ. ಪ್ರಾದೇಶಿಕ ಪಾಸ್‌ಪೋರ್ಟ್ ಅಧಿಕಾರಿಯ ಆದೇಶದ ವಿರುದ್ಧ, ಅದು ಕೈಸೇರಿದ 30 ದಿನಗಳೊಳಗೆ ಮೇಲ್ಮನವಿ ಸಲ್ಲಿಸಲು ಸೆಕ್ಷನ್ 11 ಅವಕಾಶ ಕೊಡುತ್ತದೆ.